ಸಿರಿಭೂವಲಯಕ್ಕೆ ಒಂದು ಯುದ್ಧಕಾಲದ ಒರೆಗಲ್ಲು

ನಮ್ಮ ಕುಪವಾಡದ ಕಡೆ ಕನ್ನಡದ ಹಿರಿಮೆಯ ಮಾತು ಬಂದಾಗ ಕುಮುದೇಂದು ಮುನಿಯ ‘ಸಿರಿಭೂವಲಯ’ದ ಹೆಸರನ್ನು ನಾನು ಹಲವು ಸಲ ಕೇಳಿದ್ದೇನೆ. ಅಕ್ಷರಗಳ ಬದಲು ಅಂಕಿಗಳಲ್ಲಿ ಬರೆದ ಕಾವ್ಯ ಅದು. ಅಡ್ಡ 27, ಉದ್ದ 27, ಒಟ್ಟು 729 ಮನೆಗಳ ಚಕ್ರ. 1ರಿಂದ 64ರವರೆಗಿನ ಒಂದೊಂದು ಅಂಕಿಗೆ ಒಂದೊಂದು ಧ್ವನಿ. ಯಲ್ಲಪ್ಪ ಶಾಸ್ತ್ರಿ, ಕರ್ಲಮಂಗಲಂ ಶ್ರೀಕಂಠಯ್ಯ ಇವರ ಪರಿಶ್ರಮದಿಂದ 1953ರಲ್ಲಿ ಮೊದಲ ಭಾಗ ಅಚ್ಚಾಯಿತು. ಅದರೊಳಗೆ 718 ಭಾಷೆಗಳಿವೆ ಎಂಬ ಮಾತೂ ಜೊತೆಗೇ ಹಬ್ಬಿತು.

ಈ ಮಾತನ್ನು ತೂಗುವ ತಕ್ಕಡಿ ನನಗೆ ಸಿಕ್ಕಿದ್ದು ಅನಿರೀಕ್ಷಿತ ಕಡೆಯಲ್ಲಿ. 1940ರಲ್ಲಿ ಜಪಾನಿನ ರಾಯಭಾರಿಗಳ ‘ಪರ್ಪಲ್’ ಗೂಢಲಿಪಿಯನ್ನು ಭೇದಿಸಿದ ಅಮೆರಿಕದ ಸೇನಾ ತಂಡದ ಮುಖ್ಯಸ್ಥ ವಿಲಿಯಂ ಫ್ರೀಡ್‌ಮನ್. ಶೇಕ್ಸ್‌ಪಿಯರನ ನಾಟಕಗಳಲ್ಲಿ ಬೇಕನ್ ತನ್ನ ಹೆಸರನ್ನು ಅಡಗಿಸಿದ್ದಾನೆಂಬ ವಾದವನ್ನು ಆತ, ಪತ್ನಿ ಎಲಿಜೆಬೆತ್ ಜೊತೆಗೂಡಿ, 1957ರ ಪುಸ್ತಕದಲ್ಲಿ ಪರೀಕ್ಷೆಗೆ ಒಡ್ಡಿದ. ಒರೆಗಲ್ಲು ಸರಳ: ಬಿಡಿಸಿದ ಪಾಠ ಭಾಷೆಯಾಗಿ ನಿಲ್ಲಬೇಕು, ಅದೇ ಬೀಗದ ಕೈ ಹಿಡಿದ ಇಬ್ಬರು, ಪರಸ್ಪರ ಕೇಳದೆ, ಅದೇ ಪಾಠಕ್ಕೆ ಬರಬೇಕು. ಯುದ್ಧದಲ್ಲಿ ತಪ್ಪು ಓದಿಗೆ ಜನ ಸಾಯುತ್ತಾರೆ, ಅಲ್ಲಿ ಭಕ್ತಿಗೆ ರಿಯಾಯಿತಿ ಇಲ್ಲ.

ಮಲಯಾಳಿ ಸ್ನೇಹಿತರಿಗೆ ಇದು ಹೊಸದಲ್ಲ. ಅವರ ಪರಲ್‌ಪೇರ್, ಅಂದರೆ ನಮ್ಮ ಕಟಪಯಾದಿ, ಇದೇ ಶಿಸ್ತಿನದು. ಮೇಚಕಲ್ಯಾಣಿಯಲ್ಲಿ ‘ಮ’ 5, ‘ಚ’ 6. ತಿರುಗಿಸಿದರೆ 65ನೆಯ ಮೇಳ. ತಿರುವನಂತಪುರದಲ್ಲಿ ಎಣಿಸಲಿ, ಮಿರಜೆಯಲ್ಲಿ ಎಣಿಸಲಿ, ಉತ್ತರ ಒಂದೇ.

ಭೂವಲಯದ ಮೊದಲ ಪದರ ಈ ಒರೆಗೆ ನಿಲ್ಲುತ್ತದೆ. ಅಂಕಿಗೆ ಧ್ವನಿ ಗೊತ್ತು, ಮನೆಯಿಂದ ಮನೆಗೆ ಹೋಗುವ ದಾರಿಯಾದ ‘ಬಂಧ’ವೂ ಗೊತ್ತು, ಹೊರಡುವುದು ಕನ್ನಡ ಸಾಂಗತ್ಯ. (ಸಾಂಗತ್ಯವೆಂದ ಮೇಲೆ ಅಮೋಘವರ್ಷನ ಕಾಲದ ಕೃತಿ ಎಂಬುದನ್ನು ಒಪ್ಪಲು ನನಗೆ ಕಷ್ಟ, ಆ ಛಂದಸ್ಸು ಬೆಳೆದದ್ದು ಬಹಳ ಈಚೆಗೆ.) ಪದ್ಯಗಳ ಮೊದಲಕ್ಷರ ಹಿಡಿದು ಕೆಳಕ್ಕಿಳಿದರೆ ಪ್ರಾಕೃತ ಬರುತ್ತದೆ ಎನ್ನುವುದನ್ನೂ ಯಾರಾದರೂ ಕೂತು ನೋಡಬಹುದು. ಆದರೆ 718 ಭಾಷೆಗಳ ಪಾಠವನ್ನು ಈವರೆಗೆ ಯಾರೂ ಮುಂದಿಟ್ಟಿಲ್ಲ. ಅಣುವಿಜ್ಞಾನ, ವಿಮಾನ ಕಂಡೆವೆನ್ನುವವರು ಬೇಕಾದ ಅಕ್ಷರ ಆರಿಸಿ, ಬೇಡದ್ದನ್ನು ದಾಟುತ್ತಾರೆ. ಬೇಕನ್‌ವಾದಿಗಳು ಮಾಡಿದ್ದೂ ಅದನ್ನೇ.

ಗಡಿಯಲ್ಲಿರುವ ನಮಗೆ ಇದು ಬರೀ ಪಂಡಿತರ ಜಗಳವಲ್ಲ. ಮರಾಠಿ ಶಾಲೆಗೆ ಹೋಗುವ ಮಗು ‘ಅಜ್ಜಾ, 718ರಲ್ಲಿ ಒಂದನ್ನು ತೋರಿಸು’ ಎಂದರೆ ನಾವೇನು ತೋರಿಸೋಣ? ಮೊದಲ ಚಕ್ರವನ್ನು ತೋರಿಸಬಹುದು. ಪಕ್ಕದಲ್ಲಿ 64 ಧ್ವನಿಗಳ ಪಟ್ಟಿಯಿಟ್ಟು ಒಂದು ಪದ್ಯ ಬಿಡಿಸಲು ಒಂದು ಸಂಜೆ ಸಾಕು.