ಹಾಡಿಗೆ ಮಾರ್ಕು ಹಾಕೋರು ಯಾರು?

ಹಾಡಿನ ಸ್ಪರ್ಧೆಯೆಂದರೆ ಗಂಟಲಿನ ಸ್ಪರ್ಧೆ ಅಂತ ನಮ್ಮನ್ನು ನಂಬಿಸಲಾಗಿದೆ. ಯಾರ ಶ್ರುತಿ ನೆಟ್ಟಗಿದೆ, ಯಾರ ತಾಳ ತಪ್ಪಲಿಲ್ಲ, ಯಾರ ವೇಷ ಕಣ್ಣಿಗೆ ಹಿತವಾಗಿದೆ, ಇಷ್ಟು ನೋಡಿ ಮಾರ್ಕು ಹಾಕಿದರೆ ನ್ಯಾಯ ಆಯ್ತು ಅಂತ ತೀರ್ಪುಗಾರರು ಎದ್ದು ಹೋಗುತ್ತಾರೆ. ಹಾಡು ಯಾರದು, ಯಾವ ಸಂಕಟದಿಂದ ಹುಟ್ಟಿತು, ಯಾರಿಗೆ ಮುಟ್ಟಬೇಕಿತ್ತು ಎಂಬ ಪ್ರಶ್ನೆಗಳಿಗೆ ಅವರ ಪಟ್ಟಿಯಲ್ಲಿ ಜಾಗವಿಲ್ಲ. ಈಗ ಆ ಪಟ್ಟಿಯನ್ನೇ ವಿಮರ್ಶೆಗೆ ಒಡ್ಡಬೇಕಾಗಿದೆ. ಅದಕ್ಕಾಗಿ ದೂರದ ಗ್ರೀಸ್ ದೇಶದ ಒಂದು ಹಾಡನ್ನೂ ನಮ್ಮ ಸವದತ್ತಿ ಸೀಮೆಯ ಹಾಡುಗಳನ್ನೂ ಎದುರುಬದುರು ಇಟ್ಟು ನೋಡೋಣ.

ಯೂರೋಪಿನಲ್ಲಿ 1956ರಿಂದ ಯೂರೋವಿಷನ್ ಎಂಬ ಹಾಡಿನ ಸ್ಪರ್ಧೆ ನಡೆಯುತ್ತ ಬಂದಿದೆ. ಒಂದು ದೇಶಕ್ಕೆ ಒಂದು ಹಾಡು, ಒಂದು ಹಾಡಿಗೆ ಮೂರು ನಿಮಿಷ. 1975ರಿಂದ ಪ್ರತಿ ದೇಶದ ತೀರ್ಪುಗಾರರು ತಮಗೆ ಸೇರಿದ ಹಾಡುಗಳಿಗೆ 12, 10, ಆಮೇಲೆ 8ರಿಂದ 1ರವರೆಗೆ ಮಾರ್ಕು ಕೊಡುವ ಪದ್ಧತಿ ಬಂತು. ತಮ್ಮ ದೇಶಕ್ಕೆ ತಾವೇ ಕೊಡುವಂತಿಲ್ಲ. 1976ರ ಏಪ್ರಿಲ್ 3ರಂದು ಹೇಗ್ ಪಟ್ಟಣದಲ್ಲಿ 18 ದೇಶಗಳು ಸೇರಿದವು. ಗ್ರೀಸಿನ ಪರವಾಗಿ ಬಂದವರು ಮರೀಜಾ ಕೋಖ್, ಜನಪದ ಹಾಡುಗಳಿಂದ ಹೆಸರಾದ ಗಾಯಕಿ. ಮಟ್ಟು ಅವರದೇ. ಹಾಡಿನ ಹೆಸರು 'ಪನಾಯಿಯಾ ಮೂ, ಪನಾಯಿಯಾ ಮೂ'. ಪನಾಯಿಯಾ ಅಂದರೆ ಗ್ರೀಕ್ ಕ್ರೈಸ್ತರು ಮಾತೆ ಮೇರಿಯನ್ನು ಕರೆಯುವ ಹೆಸರು. ನಮ್ಮ ಮಂದಿ ಎದೆ ಒಡೆದಾಗ 'ಯವ್ವಾ, ನನ್ನವ್ವಾ' ಅಂತಾರಲ್ಲ, ಅದೇ ಕೂಗು.

ಆ ಕೂಗಿನ ಹಿಂದೆ ಸೈಪ್ರಸ್ ದ್ವೀಪವಿತ್ತು. 1974ರ ಜುಲೈನಲ್ಲಿ ಟರ್ಕಿಯ ಸೈನ್ಯ ಅಲ್ಲಿ ಇಳಿಯಿತು. ಒಂದೂವರೆ ಲಕ್ಷಕ್ಕೂ ಹೆಚ್ಚು ಗ್ರೀಕ್ ಮಾತಿನ ಜನ ಮನೆ, ತೋಟ ಬಿಟ್ಟು ದಕ್ಷಿಣಕ್ಕೆ ಓಡಿದರು. ಎಷ್ಟೋ ಮಂದಿ ಕಾಣೆಯಾದರು. 1975ರಲ್ಲಿ ಟರ್ಕಿ ಮೊದಲ ಸಲ ಯೂರೋವಿಷನ್‌ಗೆ ಬಂದಾಗ ಗ್ರೀಸ್ ಹೊರಗುಳಿಯಿತು. ಮರುವರ್ಷ ಈ ಹಾಡಿನೊಂದಿಗೆ ಬಂತು. ಹಾಡು ಕೇಳುಗನನ್ನು ಕಿತ್ತಳೆ ತೋಟಗಳ ಚೆಲುವಾದ ನಾಡಿಗೆ ಕರೆಯುತ್ತದೆ. ಪ್ರವಾಸಿಗನನ್ನು ಕರೆಯುವಂತೆಯೇ ಕರೆಯುತ್ತದೆ. ಆಮೇಲೆ ಒಂದೊಂದೇ ಪರದೆ ಸರಿಸುತ್ತದೆ. ಪಾಳು ಗೋಡೆಗಳು ಪುರಾತನ ಕಾಲದವಲ್ಲ, ನಿನ್ನೆ ಮೊನ್ನೆ ಸುಟ್ಟವು. ಹೊಸದಾಗಿ ಅಗೆದ ನೆಲ ಬಿತ್ತಲಿಕ್ಕೆ ಹದ ಮಾಡಿದ್ದಲ್ಲ, ಹೆಣ ಹೂಳಲಿಕ್ಕೆ ಅಗೆದದ್ದು. ಭಾಷಣವಿಲ್ಲ, ಘೋಷಣೆಯಿಲ್ಲ. ಕಂಡ ವಸ್ತುವಿಗೆ ಅದರ ನಿಜವಾದ ಹೆಸರು ಇಡುತ್ತ ಹೋಗುತ್ತದೆ ಅಷ್ಟೆ. ಹಾಡಿನ ಕಸುವು ಇರುವುದು ಇಲ್ಲಿ.

ಸಿಕ್ಕ ಮಾರ್ಕು 20. ಸ್ಥಾನ 13ನೆಯದು. ಗೆದ್ದದ್ದು ಇಂಗ್ಲೆಂಡಿನ ಹಾಡು, 164 ಮಾರ್ಕು. ಕೆಲಸಕ್ಕೆ ಹೊರಟ ಅಪ್ಪ ಮೂರು ವರ್ಷದ ಕೂಸಿಗೆ ಮುತ್ತು ಎತ್ತಿಟ್ಟಿರು ಅನ್ನುವ ಹಾಡು. ಇದೂ ಮನುಷ್ಯರ ಹಾಡೇ, ಹೀಯಾಳಿಸಬೇಕಿಲ್ಲ. ತೀರ್ಪುಗಾರರ ಮನಸ್ಸಿನಲ್ಲಿ ಏನಿತ್ತು ಎಂದು ಊಹಿಸುವ ಗೊಡವೆಯೂ ಬೇಡ. ನನ್ನ ತಕರಾರು ತಕ್ಕಡಿಯ ಬಗ್ಗೆ. ಸಂಜೆ ಮನೆಗೆ ಬರುವ ಅಪ್ಪನ ಹಾಡನ್ನೂ, ಎಂದೂ ಬಾರದ ಅಪ್ಪಂದಿರ ನಾಡಿನ ಹಾಡನ್ನೂ ಅದೇ ಮೂರು ನಿಮಿಷ, ಅದೇ ಹನ್ನೆರಡು ಮಾರ್ಕಿನಲ್ಲಿ ತೂಗುವ ತಕ್ಕಡಿ ಎಂಥದ್ದು?

ಹಾಗಂತ ಸೋತ ಹಾಡಿಗೆ ಬರೀ ಹೂವು ಏರಿಸಿದರೆ ವಿಮರ್ಶೆ ಆಗುವುದಿಲ್ಲ. ಈ ಹಾಡಿನ ನೋವು ನಿಜ, ಆದರೆ ಅರ್ಧ. ಟರ್ಕಿ ಸೈನ್ಯ ಇಳಿಯುವ ಐದು ದಿನ ಮೊದಲು, ಜುಲೈ 15ರಂದು, ಸೈಪ್ರಸ್ಸಿನ ಸರ್ಕಾರವನ್ನು ಉರುಳಿಸಿದ್ದು ಗ್ರೀಸನ್ನು ಆಳುತ್ತಿದ್ದ ಮಿಲಿಟರಿ ಮಂದಿಯ ಕುಮ್ಮಕ್ಕು. ಹಾಡು ಆ ಮಾತು ಎತ್ತುವುದಿಲ್ಲ. ಟರ್ಕಿ ಮಾತಿನ ಸೈಪ್ರಸ್ ಜನರೂ ಸಾವಿರಾರು ಸಂಖ್ಯೆಯಲ್ಲಿ ಊರು ಬಿಟ್ಟು ಉತ್ತರಕ್ಕೆ ಹೋದರು. ಅವರ ಪಾಳು ಗೋಡೆಗಳೂ ಇಲ್ಲಿ ಕಾಣುವುದಿಲ್ಲ. ಪಕ್ಕದ ದೇಶ ಕೊಟ್ಟ ನೋವನ್ನು ಪ್ರಭುತ್ವ ತಾನೇ ವೇದಿಕೆಗೆ ಹತ್ತಿಸುತ್ತದೆ. ತಾನೇ ಕೊಟ್ಟ ನೋವನ್ನು ಹತ್ತಿಸುತ್ತದೆಯೇ? ಅದೇ ಗ್ರೀಸಿನಲ್ಲಿ ಮಿಕಿಸ್ ಥಿಯೋಡೊರಾಕಿಸ್ ಅವರ ಸಂಗೀತವನ್ನು 1967ರಲ್ಲಿ ಮಿಲಿಟರಿ ಸರ್ಕಾರ ನಿಷೇಧಿಸಿತ್ತು. ಒಂದು ಹಾಡಿಗೆ ನಿಷೇಧ, ಇನ್ನೊಂದಕ್ಕೆ ವಿಮಾನದ ಟಿಕೇಟು. ನಡುವೆ ಸರ್ಕಾರ ಬದಲಾಗಿತ್ತು ನಿಜ. ಆದರೂ ಯಾವ ಅಳು ಹೊರಗೆ ಕೇಳಬೇಕು ಎಂದು ಆರಿಸುವ ಕೈ ಆಳುವವರದೇ ಆಗಿತ್ತು.

ಇನ್ನು ನಮ್ಮ ಕಡೆ ಬರೋಣ. ಹಾಡಿನ ಸ್ಪರ್ಧೆ ನಮಗೆ ಟಿವಿಯವರು ಕಲಿಸಿದ್ದಲ್ಲ. ಬೈಲಹೊಂಗಲ, ಸವದತ್ತಿ, ರಾಮದುರ್ಗ ಸೀಮೆಯ ಜಾತ್ರೆಗಳಲ್ಲಿ ಹರದೇಶಿ-ನಾಗೇಶಿ ಹಾಡಕಿ ಅಂದರೆ ಊರಿಗೆ ಊರೇ ಕೂಡುತ್ತದೆ. ಹರದೇಶಿಯವರು ಗಂಡು ಹೆಚ್ಚು ಅಂತಾರೆ, ನಾಗೇಶಿಯವರು ಹೆಣ್ಣು ಹೆಚ್ಚು ಅಂತಾರೆ. ಕೈಯಲ್ಲಿ ದಪ್ಪು, ತುಂತುಣಿ, ತಾಳ. ಒಬ್ಬರು ಸವಾಲು ಹಾಕಿದರೆ ಇನ್ನೊಬ್ಬರು ಹಾಡಿನಲ್ಲೇ ಜವಾಬು ಕೊಡಬೇಕು. ಮೂರು ನಿಮಿಷದ ಗಡುವಿಲ್ಲ, ಬೆಳಗಿನ ಮಟ ನಡೆಯುತ್ತದೆ. ತೀರ್ಪುಗಾರರು ಅಂದರೆ ಚಾಪೆ, ಕಂಬಳಿ ಹಾಸಿಕೊಂಡು ಕೂತ ಮಂದಿ. ಜವಾಬು ಬರದಿದ್ದರೆ ಅವರ ನಗೆಯೇ ಮಾರ್ಕು. ಈ ಗೀಗೀ ಮಟ್ಟಿನಲ್ಲೇ ರಾಮದುರ್ಗ ತಾಲೂಕಿನ ಹುಲಕುಂದದ ಭೀಮಕವಿ ಸ್ವಾತಂತ್ರ್ಯ ಚಳವಳಿಯ ಹಾಡು ಕಟ್ಟಿದರು. ಸಂಗೊಳ್ಳಿ ರಾಯಣ್ಣನನ್ನು 1831ರಲ್ಲಿ ನೇಣಿಗೆ ಹಾಕಿದರೂ ಅವನು ಲಾವಣಿಯಲ್ಲಿ ಉಳಿದ. ಓದು ಬರಹ ಸಿಗದ ಮಂದಿಗೆ ಹಾಡೇ ಪತ್ರಿಕೆ, ಹಾಡೇ ಚರಿತ್ರೆ.

ಆದರೆ ಇಲ್ಲೂ ಕಣ್ಣು ಮುಚ್ಚಿ ಕೈ ಮುಗಿಯಬಾರದು. ಗಂಡು ಹೆಚ್ಚೋ ಹೆಣ್ಣು ಹೆಚ್ಚೋ ಅಂತ ರಾತ್ರಿಯಿಡೀ ವಾದ ಮಾಡಿ ಬೆಳಗಿನ ಜಾವಕ್ಕೆ ಇಬ್ಬರೂ ಒಂದೇ ಅಂತ ಮಂಗಳ ಹಾಡಿದರೆ ಮನೆಯಲ್ಲಿ ಹೆಣ್ಣಿನ ಬಾಳೇನು ಬದಲಾಗುತ್ತದೆ? ಕೇರಿ ಹೆಚ್ಚೋ ಅಗ್ರಹಾರ ಹೆಚ್ಚೋ ಎಂಬ ಸವಾಲಿಗೆ ಈ ಪಂಥದಲ್ಲಿ ಯಾವ ಮೇಳವನ್ನು ಕಟ್ಟಲಾಯಿತು?

ಈ ಪ್ರಶ್ನೆ ನಮ್ಮನ್ನು ಗುಡ್ಡಕ್ಕೆ ಹತ್ತಿಸುತ್ತದೆ. ಭಾರತ ಹುಣ್ಣಿಮೆಗೆ ಸವದತ್ತಿ ಎಲ್ಲಮ್ಮನ ಗುಡ್ಡದಲ್ಲಿ ಲಕ್ಷಗಟ್ಟಲೆ ಮಂದಿ ಉಧೋ ಉಧೋ ಅನ್ನುವಾಗ, ಜೋಗತಿಯೊಬ್ಬಳು ಚರ್ಮ ಬಿಗಿದ ಒಂದೇ ತಂತಿಯ ಚೌಡಿಕೆ ಮೀಟುತ್ತ ರೇಣುಕೆಯ ಕತೆ ಹಾಡುತ್ತಾಳೆ. ಗಂಡನಿಗೆ ಅನುಮಾನ ಬಂತು, ಮಗ ತಲೆ ಕಡಿದ. ಆ ಗ್ರೀಕ್ ಹಾಡಿನಂತೆ ಇದೂ ತಾಯಿಯನ್ನು ಕರೆಯುವ ಹಾಡು. ವ್ಯತ್ಯಾಸ ದೊಡ್ಡದು. ಅಲ್ಲಿ ತಾಯಿ ಸಮಾಧಾನ ಹೇಳಬೇಕಾದವಳು. ಇಲ್ಲಿ ತಾಯಿಯೇ ತಲೆ ಕಳೆದುಕೊಂಡವಳು, ಮತ್ತು ಅವಳ ಹೆಸರಿನಲ್ಲೇ ಹೊಲೆಗೇರಿ, ಮಾದಿಗರ ಕೇರಿಗಳ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟಲಾಯಿತು. ಅದನ್ನು ನಿಷೇಧಿಸುವ ಕಾಯ್ದೆ ಕರ್ನಾಟಕದಲ್ಲಿ ಬಂದದ್ದು 1982ರಲ್ಲಿ. ಚೌಡಿಕೆ ಹಾಡಿದವಳು ತನ್ನನ್ನು ಕಟ್ಟಿಹಾಕಿದ ದೇವಿಯನ್ನೇ ತನ್ನ ಜೊತೆಗಾರ್ತಿ ಮಾಡಿಕೊಂಡು ಅತ್ತಳು. ಆ ಅಳುವಿನಲ್ಲಿ ಭಕ್ತಿ ಎಷ್ಟು, ಬಂಡಾಯ ಎಷ್ಟು ಅಂತ ಬೇರೆ ಮಾಡಲಿಕ್ಕೆ ಬರುವುದಿಲ್ಲ. ಮಂಜಮ್ಮ ಜೋಗತಿ ಅವರಿಗೆ 2021ರಲ್ಲಿ ಪದ್ಮಶ್ರೀ ಬಂತು, ಅದು ನಮ್ಮೆಲ್ಲರ ಸಂತೋಷ. ಆದರೆ ಪ್ರಶಸ್ತಿ ಕೊಟ್ಟ ಸಮಾಜ ಹಾಡಿನೊಳಗಿನ ಆಪಾದನೆಗೆ ಜವಾಬು ಕೊಟ್ಟಿತೇ?

ಗುಡ್ಡದಿಂದ ಅಷ್ಟು ದೂರವಿಲ್ಲ ನವಿಲುತೀರ್ಥ. ಅಲ್ಲಿ ಮಲಪ್ರಭೆಗೆ ಅಣೆಕಟ್ಟು ಕಟ್ಟಿದಾಗ ಹೊಲ, ಮನೆ, ಹಿರಿಯರನ್ನು ಹೂಳಿದ ಮಣ್ಣು ನೀರಿನಡಿ ಹೋಯಿತು. ಆ ನೀರಿಗೆ ಇಟ್ಟ ಹೆಸರು ರೇಣುಕಾ ಸಾಗರ. ಅದರ ಕಾಲುವೆ ಸೀಮೆಯಲ್ಲಿ ಅಭಿವೃದ್ಧಿ ಕರ ಕೊಡೆವು ಅಂದ ರೈತರ ಮೇಲೆ 1980ರ ಜುಲೈ 21ರಂದು ನರಗುಂದ, ನವಲಗುಂದಗಳಲ್ಲಿ ಗುಂಡು ಹಾರಿತು. ಮುಳುಗಿದ ಗೋಡೆ, ಹೊಸದಾಗಿ ಅಗೆದ ನೆಲ ನಮಗೂ ಇವೆ. ಪಕ್ಕದ ದೇಶ ಮಾಡಿದ್ದಲ್ಲ, ನಮ್ಮದೇ ಸರ್ಕಾರ ಮಾಡಿದ್ದು. ಹಾಗಾಗಿ ಇದನ್ನು ಹಾಡಿ ಬಾ ಅಂತ ಯಾವ ಸರ್ಕಾರವೂ ಟಿಕೇಟು ಕೊಡುವುದಿಲ್ಲ.

ಈಗ ಮೇಷ್ಟ್ರುಗಳಿಗೆ ಒಂದು ಮಾತು. ಶಾಲೆಯ ಪ್ರತಿಭಾ ಕಾರಂಜಿಯಲ್ಲಿ ಜನಪದ ಗೀತೆಗೆ ಮಾರ್ಕು ಹಾಕೋರು ನೀವು. ಹೊಸ ಇಳಕಲ್ ಸೀರೆ ಉಡಿಸಿ, ಕ್ಯಾಸೆಟ್ಟು, ಮೊಬೈಲು ಕೇಳಿಸಿ, ಕೈ ತಿರುಗಿಸುವುದನ್ನು ಕಲಿಸಿ ಕಳಿಸಿದ ಮಗು ಗೆಲ್ಲುತ್ತದೆ. ಅಜ್ಜಿಯ ಬಾಯಿಂದ ಕಲಿತದ್ದನ್ನು ತಗ್ಗಿದ ದನಿಯಲ್ಲಿ ಹಾಡಿದ ಕೇರಿಯ ಮಗು ಸಮಾಧಾನದ ಪ್ರಮಾಣಪತ್ರ ಹಿಡಿದು ಮನೆಗೆ ಹೋಗುತ್ತದೆ. ಮರುವರ್ಷ ಅದು ಅಜ್ಜಿಯ ಹಾಡು ಬಿಟ್ಟು ಗೆದ್ದ ಹಾಡನ್ನೇ ಕಲಿತು ಬರುತ್ತದೆ. ನಮ್ಮ ಪೆನ್ನಿನ ತುದಿಯಲ್ಲಿ ಒಂದು ಹಾಡು ಹೀಗೆ ಸಾಯುತ್ತದೆ.

ಸ್ಪರ್ಧೆ ನಿಲ್ಲಿಸಿ ಎನ್ನುತ್ತಿಲ್ಲ. ಹಾಡಿದ ಮಗುವಿಗೆ 'ಇದನ್ನ ಯಾರು ಕಲಿಸಿದ್ರವ್ವಾ, ಅವರಿದನ್ನ ಯಾವಾಗ ಹಾಡ್ತಿದ್ರು?' ಎಂದು ಎಲ್ಲರೆದುರು ಕೇಳಿ. ಆ ಉತ್ತರವೂ ಹಾಡಿನ ಭಾಗವೇ. ತೀರ್ಪುಗಾರರಿಗೆ ಹಾಕಿದ ಮೂರು ಕುರ್ಚಿಗಳಲ್ಲಿ ಒಂದನ್ನು ಊರಿನ ಹಾಡಕಿಯವರಿಗೆ, ಇಲ್ಲವೇ ಚೌಡಿಕೆ ಹಿಡಿದವಳಿಗೆ ಬಿಟ್ಟುಕೊಡಿ. ಅವಳಿಗೆ ಅಕ್ಷರ ಬಾರದಿದ್ದರೆ ಅವಳು ಹೇಳಿದ ಮಾರ್ಕನ್ನು ನೀವು ಬರೆದುಕೊಳ್ಳಿ.