ವಾಸ್ತವಕ್ಕೆ ಬುದ್ಧಿ ಹೇಳುವ ವಾಸ್ತವವಾದ

ಅಂತರರಾಷ್ಟ್ರೀಯ ಸಂಬಂಧಗಳ ಅಧ್ಯಯನ ಒಂದು ಸ್ವತಂತ್ರ ಶಾಸ್ತ್ರವಾಗಿ ವಿಶ್ವವಿದ್ಯಾಲಯಗಳಲ್ಲಿ ನೆಲೆ ಕಂಡುಕೊಂಡದ್ದು ಮೊದಲ ಮಹಾಯುದ್ಧದ ಬೆನ್ನಿಗೆ, 1919ರಲ್ಲಿ, ವೇಲ್ಸ್‌ನ ಅಬೆರಿಸ್ಟ್‌ವಿತ್‌ನಲ್ಲಿ ಅದಕ್ಕೆಂದೇ ಒಂದು ಪೀಠ ಸ್ಥಾಪನೆಯಾದಾಗ. ಅಂಥ ಯುದ್ಧ ಮತ್ತೆ ಸಂಭವಿಸದಂತೆ ತಡೆಯುವ ದಾರಿಗಳನ್ನು ಹುಡುಕುವುದು ಆ ಪೀಠದ ಆಶಯವಾಗಿತ್ತು. ರಾಷ್ಟ್ರಸಂಘದ ಕನಸು ಕಂಡ ಅಮೆರಿಕದ ಅಧ್ಯಕ್ಷ ವುಡ್ರೋ ವಿಲ್ಸನ್ ಅವರ ಹೆಸರನ್ನೇ ಅದಕ್ಕೆ ಇಡಲಾಯಿತು. ವಿಚಿತ್ರವೆಂದರೆ, ವಿಲ್ಸನ್‌ರ ನಂಬಿಕೆಗಳನ್ನು ಅತ್ಯಂತ ನಿಷ್ಠುರವಾಗಿ ಒಡೆದು ತೋರಿಸಿದ ಇ. ಎಚ್. ಕಾರ್ ಅದೇ ಪೀಠದ ಪ್ರಾಧ್ಯಾಪಕರಾಗಿದ್ದವರು. 1939ರಲ್ಲಿ ಪ್ರಕಟವಾದ ‘ಇಪ್ಪತ್ತು ವರ್ಷಗಳ ಬಿಕ್ಕಟ್ಟು’ ಕೃತಿಯಲ್ಲಿ ಅವರು, ಎಲ್ಲ ರಾಷ್ಟ್ರಗಳ ಹಿತವೂ ಒಂದೇ ಎನ್ನುವ ಮಾತು ಗೆದ್ದು ನೆಮ್ಮದಿಯಾಗಿರುವ ರಾಷ್ಟ್ರಗಳ ಹಿತವನ್ನೇ ಲೋಕಹಿತವೆಂದು ಬಿಂಬಿಸುತ್ತದೆ ಎಂದು ವಾದಿಸಿದರು. ಇಂದು ವಾಸ್ತವವಾದ ಎಂದು ಕರೆಯಲಾಗುವ ಪಂಥದ ಆಧುನಿಕ ಚರಿತ್ರೆಯನ್ನು ಸಾಮಾನ್ಯವಾಗಿ ಇಲ್ಲಿಂದಲೇ ಆರಂಭಿಸುತ್ತಾರೆ.

ಈ ಪಂಥದ ಆಧಾರಕಲ್ಪನೆಗಳು ಹೆಚ್ಚಿಲ್ಲ. ರಾಜ್ಯವೇ ಜಾಗತಿಕ ರಾಜಕಾರಣದ ಮುಖ್ಯ ಪಾತ್ರಧಾರಿ. ಅದು ಸಾರ್ವಭೌಮ, ಎಂದರೆ ತನ್ನ ಗಡಿಯೊಳಗೆ ತನಗಿಂತ ಮೇಲಿನ ಅಧಿಕಾರವನ್ನು ಒಪ್ಪದ ಘಟಕ. ಇಂಥ ಘಟಕಗಳೆಲ್ಲವನ್ನೂ ಆಳುವ ಇನ್ನೊಂದು ಸರ್ಕಾರ ಇಲ್ಲವಾದ್ದರಿಂದ ಅವುಗಳ ನಡುವಿನ ಸ್ಥಿತಿ ಅರಾಜಕತೆ. ಇದು ಗಲಭೆ ಗೊಂದಲಗಳನ್ನು ಸೂಚಿಸುವ ಮಾತಲ್ಲ, ಅನ್ಯಾಯವಾದಾಗ ದೂರು ಕೊಡಲು ಠಾಣೆ ಇಲ್ಲದ ಸ್ಥಿತಿ ಎಂದಷ್ಟೇ ಅರ್ಥ. ಹೀಗಿರುವಾಗ ಪ್ರತಿ ರಾಜ್ಯವೂ ತನ್ನ ಭದ್ರತೆಯನ್ನು ತಾನೇ ನೋಡಿಕೊಳ್ಳಬೇಕು, ಮತ್ತು ಒಬ್ಬರ ಬಲ ಅತಿಯಾದಾಗ ಉಳಿದವರು ಒಟ್ಟುಗೂಡಿ ಅದನ್ನು ತೂಗಿಸುತ್ತಾರೆ, ಇದೇ ಬಲಸಮತೋಲನ. ಜಾನ್ ಹರ್ಟ್ಜ್ 1950ರಲ್ಲಿ ‘ಭದ್ರತಾ ಸಂದಿಗ್ಧ’ ಎಂದು ಹೆಸರಿಸಿದ ಕಲ್ಪನೆ ಈ ಎಲ್ಲಕ್ಕಿಂತ ಸೂಕ್ಷ್ಮವಾದದ್ದು: ಒಂದು ದೇಶ ಕೇವಲ ಆತ್ಮರಕ್ಷಣೆಗೆಂದು ಶಸ್ತ್ರ ಕೂಡಿಹಾಕಿದರೂ ನೆರೆಯ ದೇಶಕ್ಕೆ ಅದರ ಉದ್ದೇಶ ಖಚಿತವಾಗಿ ತಿಳಿಯುವ ಮಾರ್ಗವಿಲ್ಲ, ಆದ್ದರಿಂದ ಅದೂ ಶಸ್ತ್ರ ಹೆಚ್ಚಿಸುತ್ತದೆ, ಕೊನೆಗೆ ಯಾರೂ ಕೇಡು ಬಯಸದೆಯೇ ಇಬ್ಬರೂ ಮೊದಲಿಗಿಂತ ಹೆಚ್ಚಿನ ಭಯದಲ್ಲಿ ಬದುಕಬೇಕಾಗುತ್ತದೆ. ವಾಸ್ತವವಾದ ಬೇರೇನನ್ನೂ ಕೊಡದೆ ಇದೊಂದನ್ನೇ ಕೊಟ್ಟಿದ್ದರೂ ಶಾಸ್ತ್ರ ಅದಕ್ಕೆ ಋಣಿಯಾಗಿರಬೇಕಿತ್ತು.

ಆದರೆ ಪಂಥ ಇಷ್ಟಕ್ಕೆ ನಿಲ್ಲದೆ, ತಾನು ಹೇಳುತ್ತಿರುವುದು ದೇಶಕಾಲಗಳನ್ನು ಮೀರಿದ ಸತ್ಯ ಎಂದು ಸಾರಿತು. ಅದಕ್ಕೆ ಸಾಕ್ಷಿಯಾಗಿ ಥುಸಿಡಿಡಿಸ್, ಮೆಕಿಯವೆಲ್ಲಿ, ಹಾಬ್ಸ್ ಮತ್ತು ಕೌಟಿಲ್ಯರನ್ನು ಪೂರ್ವಜರ ಸಾಲಿನಲ್ಲಿ ನಿಲ್ಲಿಸಿತು. ಈ ವಂಶಾವಳಿಯನ್ನು ಹತ್ತಿರದಿಂದ ನೋಡಿದರೆ ಸಂಶಯಗಳು ಏಳುತ್ತವೆ. ಕ್ರಿ.ಪೂ. 416ರಲ್ಲಿ ಅಥೆನ್ಸ್‌ನ ದೂತರು ಪುಟ್ಟ ಮೀಲೋಸ್ ದ್ವೀಪದವರಿಗೆ, ಬಲವುಳ್ಳವರು ಮಾಡಿದ್ದನ್ನು ದುರ್ಬಲರು ಸಹಿಸಬೇಕು ಎಂಬರ್ಥದಲ್ಲಿ ಹೇಳಿದ ಮಾತನ್ನು ಥುಸಿಡಿಡಿಸ್‌ನ ಸಿದ್ಧಾಂತವೆಂದೇ ಪಠ್ಯಗಳು ಬೋಧಿಸುತ್ತವೆ. ಅದು ಅವನ ಮಾತಲ್ಲ, ಅವನ ಚರಿತ್ರೆಯಲ್ಲಿ ಬರುವ ಪಾತ್ರಗಳ ಮಾತು. ಆ ಪ್ರಸಂಗ ಮುಗಿದ ಕೂಡಲೇ ಅವನು ವರ್ಣಿಸುವುದು ಅದೇ ಅಥೆನ್ಸ್ ಸಿಸಿಲಿಯ ಮೇಲೆ ಏರಿಹೋಗಿ ತನ್ನ ಸೇನೆ, ನೌಕಾಬಲ ಎರಡನ್ನೂ ಕಳೆದುಕೊಂಡ ಕಥೆಯನ್ನು. ಇದನ್ನು ಬಲದ ಪ್ರಶಸ್ತಿಯಾಗಿ ಓದಬಹುದಾದಷ್ಟೇ ಬಲದ ಮದದ ಕುರಿತ ದುರಂತವಾಗಿಯೂ ಓದಬಹುದು.

ಕೌಟಿಲ್ಯನ ವಿಷಯದಲ್ಲಿ ಕನ್ನಡ ಓದುಗರಿಗೆ ಒಂದು ವಿಶೇಷ ಸಂಬಂಧವಿದೆ. ಶತಮಾನಗಳ ಕಾಲ ಹೆಸರಿನಿಂದಷ್ಟೇ ತಿಳಿದಿದ್ದ ‘ಅರ್ಥಶಾಸ್ತ್ರ’ದ ತಾಳೆಗರಿ ಪ್ರತಿಯನ್ನು 1905ರಲ್ಲಿ ಮೈಸೂರಿನ ಪ್ರಾಚ್ಯ ಗ್ರಂಥಾಲಯದಲ್ಲಿ ಗುರುತಿಸಿ, 1909ರಲ್ಲಿ ಅಚ್ಚು ಹಾಕಿಸಿ, 1915ರಲ್ಲಿ ಇಂಗ್ಲಿಷಿಗೆ ತಂದವರು ಆರ್. ಶಾಮಶಾಸ್ತ್ರಿಗಳು. ಆ ಕೃತಿಯ ಸುದ್ದಿ ಎಷ್ಟು ಬೇಗ ಯುರೋಪನ್ನು ಮುಟ್ಟಿತೆಂದರೆ, ಜರ್ಮನಿಯ ಸಮಾಜಶಾಸ್ತ್ರಜ್ಞ ಮ್ಯಾಕ್ಸ್ ವೇಬರ್ 1919ರಲ್ಲಿ ಪ್ರಕಟವಾದ ತಮ್ಮ ಪ್ರಸಿದ್ಧ ಉಪನ್ಯಾಸದಲ್ಲಿ ಅದರ ಮುಂದೆ ಮೆಕಿಯವೆಲ್ಲಿ ನಿರುಪದ್ರವಿಯಾಗಿ ಕಾಣುತ್ತಾನೆ ಎಂದರು. ಅಂದಿನಿಂದ ಕೌಟಿಲ್ಯ ಎಂದರೆ ನಿರ್ದಯ ವಾಸ್ತವವಾದಿ ಎಂಬ ಚಿತ್ರವೇ ಗಟ್ಟಿಯಾಗಿದೆ. ನೆರೆಯವನು ಶತ್ರು, ಅವನ ಆಚೆಯವನು ಮಿತ್ರ ಎನ್ನುವ ಮಂಡಲ ಸಿದ್ಧಾಂತವನ್ನು ಬಲಸಮತೋಲನದ ಪ್ರಾಚೀನ ರೂಪವೆಂದು ಮುಂದಿಡುತ್ತಾರೆ. ದೊಡ್ಡ ಮೀನು ಸಣ್ಣ ಮೀನನ್ನು ನುಂಗುವ ಮತ್ಸ್ಯನ್ಯಾಯವನ್ನು ಅರಾಜಕತೆಯ ಪರ್ಯಾಯ ಪದವೆಂಬಂತೆ ಬಳಸುತ್ತಾರೆ. ಮೂಲದಲ್ಲಿ ಮತ್ಸ್ಯನ್ಯಾಯ ಬರುವುದು ದಂಡವಿಲ್ಲದ ರಾಜ್ಯದೊಳಗಿನ ಪ್ರಜೆಗಳ ಸ್ಥಿತಿಯನ್ನು ಕುರಿತೇ ಹೊರತು ರಾಜ್ಯ ರಾಜ್ಯಗಳ ನಡುವಿನ ಸ್ಥಿತಿಯನ್ನು ಕುರಿತಲ್ಲ. ಇನ್ನು ವಿದೇಶನೀತಿಯ ಆರು ಕ್ರಮಗಳನ್ನು, ಎಂದರೆ ಸಂಧಿ, ವಿಗ್ರಹ, ಆಸನ, ಯಾನ, ಸಂಶ್ರಯ, ದ್ವೈಧೀಭಾವಗಳನ್ನು, ಚರ್ಚಿಸುವ ಏಳನೆಯ ಅಧಿಕರಣದಲ್ಲಿ, ಸಂಧಿಯಿಂದಲೂ ಯುದ್ಧದಿಂದಲೂ ಸಮಾನ ಫಲವೇ ದೊರೆಯುವಂತಿದ್ದರೆ ಸಂಧಿಯನ್ನೇ ಆರಿಸಬೇಕೆಂಬ ವಿಧಿಯಿದೆ. ಅದಕ್ಕೆ ಕೊಡುವ ಕಾರಣ ನಾಲ್ಕು: ಕ್ಷಯ, ವ್ಯಯ, ಪ್ರವಾಸ, ಪ್ರತ್ಯವಾಯ, ಜನ ಸಾಯುತ್ತಾರೆ, ಬೊಕ್ಕಸ ಬರಿದಾಗುತ್ತದೆ, ಸೇನೆ ಮನೆ ಬಿಟ್ಟು ದೂರ ಹೋಗಬೇಕಾಗುತ್ತದೆ, ಮೇಲಾಗಿ ಪಾಪ. ಲೆಕ್ಕ ಹಾಕುವ ಮನಸ್ಸು ಇಲ್ಲಿದೆ, ನಿಜ. ಆದರೆ ಆ ಲೆಕ್ಕದ ಪುಸ್ತಕದಲ್ಲಿ ಪಾಪಕ್ಕೂ ಒಂದು ಅಂಕಣವಿದೆ.

ಇದಕ್ಕಿಂತ ಮುಖ್ಯವಾದದ್ದು, ‘ಅರ್ಥಶಾಸ್ತ್ರ’ ತಾನು ಉಪದೇಶಗ್ರಂಥವೆಂಬುದನ್ನು ಎಲ್ಲಿಯೂ ಮರೆಮಾಚುವುದಿಲ್ಲ. ವಿಜಿಗೀಷು, ಎಂದರೆ ಗೆಲ್ಲಬಯಸುವ ರಾಜ, ಹೀಗೆ ಮಾಡಬೇಕು ಎನ್ನುತ್ತದೆ. ಎಲ್ಲ ರಾಜರೂ ಹೀಗೆಯೇ ಮಾಡುತ್ತಾರೆ ಎನ್ನುವುದಿಲ್ಲ. ಆಧುನಿಕ ವಾಸ್ತವವಾದದ ಒಳಬಿರುಕು ಇರುವುದು ಈ ಎರಡು ವಾಕ್ಯಗಳ ನಡುವೆಯೇ.

ಹಿಟ್ಲರನ ಜರ್ಮನಿಯ ಕಾರಣದಿಂದ ದೇಶ ತೊರೆದು ಅಮೆರಿಕದಲ್ಲಿ ನೆಲೆಸಿದ ಯಹೂದಿ ವಿದ್ವಾಂಸ ಹ್ಯಾನ್ಸ್ ಮಾರ್ಗೆಂಥೌ, 1948ರ ‘ರಾಷ್ಟ್ರಗಳ ನಡುವಣ ರಾಜಕಾರಣ’ದಲ್ಲಿ ಈ ಬಿರುಕನ್ನು ಅಂತಃಸಾಕ್ಷಿಯಿಂದ ಬೆಸೆಯಲು ಯತ್ನಿಸಿದರು. ರಾಜಕಾರಣದಲ್ಲಿ ಹಿತಾಸಕ್ತಿಯನ್ನು ಅಧಿಕಾರಬಲದ ಪರಿಭಾಷೆಯಲ್ಲಿ ಗ್ರಹಿಸಬೇಕೆಂಬುದು ಅವರ ಸೂತ್ರ. ಆದರೆ ಒಂದು ರಾಷ್ಟ್ರ ತನ್ನ ಆಕಾಂಕ್ಷೆಗಳನ್ನೇ ಜಗತ್ತಿನ ನೈತಿಕ ನಿಯಮವೆಂದು ಭ್ರಮಿಸಬಾರದೆಂಬುದೂ ಅವರದೇ ಸೂತ್ರ. ವಿಯೆಟ್ನಾಂ ಯುದ್ಧವನ್ನು ಅವರು ಬಹಿರಂಗವಾಗಿ ವಿರೋಧಿಸಿದ್ದು ಈ ಎರಡನೆಯ ಸೂತ್ರದ ಬಲದಿಂದ. ಮಾನವ ಸ್ವಭಾವದ ಬಗ್ಗೆ ಅವರು ಮಾಡುವ ಸಾಮಾನ್ಯೀಕರಣಗಳು ಇಂದು ಸಪ್ಪೆಯಾಗಿ ತೋರುತ್ತವೆ, ಅವರ ಸೂತ್ರಗಳು ಪುರುಷಲೋಕವನ್ನೇ ಮನುಷ್ಯಲೋಕವೆಂದು ಎಣಿಸುತ್ತವೆ ಎಂದು 1988ರಲ್ಲಿ ಆ್ಯನ್ ಟಿಕ್ನರ್ ಎತ್ತಿದ ಆಕ್ಷೇಪಕ್ಕೆ ಪಂಥದಿಂದ ಸಮರ್ಪಕ ಉತ್ತರವೂ ಬಂದಿಲ್ಲ. ಆದರೂ ವಿವೇಕವನ್ನು ರಾಜಕಾರಣದ ಪರಮ ಗುಣವೆಂದು ಕರೆದ ಮಾರ್ಗೆಂಥೌರಲ್ಲಿ ಬುದ್ಧಿವಾದ ಮತ್ತು ವಿವರಣೆ ಒಟ್ಟಿಗೇ ಬಾಳುತ್ತಿದ್ದವು.

ಕೆನೆತ್ ವಾಲ್ಟ್ಜ್ ಅವೆರಡನ್ನೂ ಬೇರ್ಪಡಿಸಿದರು. 1979ರ ತಮ್ಮ ಕೃತಿಯಲ್ಲಿ ಅವರು ಅರ್ಥಶಾಸ್ತ್ರಜ್ಞರು ಮಾರುಕಟ್ಟೆಯನ್ನು ನೋಡುವ ರೀತಿಯಲ್ಲಿ ಜಗತ್ತನ್ನು ನೋಡಿ, ನಾಯಕರ ಸ್ವಭಾವ, ಆಡಳಿತ ಪದ್ಧತಿ, ಸಂಸ್ಕೃತಿಗಳನ್ನೆಲ್ಲ ಬದಿಗಿಟ್ಟು, ಅರಾಜಕತೆ ಮತ್ತು ಬಲದ ಹಂಚಿಕೆ ಎಂಬ ಎರಡರಿಂದಲೇ ವ್ಯವಸ್ಥೆಯ ಮುಖ್ಯ ಪ್ರವೃತ್ತಿಗಳನ್ನು ವಿವರಿಸಲು ಹೊರಟರು. ರಚನಾತ್ಮಕ ವಾಸ್ತವವಾದ ಎನಿಸಿಕೊಂಡ ಈ ನಿಲುವಿಗೆ ಚೆಲುವಿತ್ತು, ಮಿತವ್ಯಯವಿತ್ತು. ಆದರೆ ಎರಡು ಮಹಾಬಲಗಳ ವ್ಯವಸ್ಥೆಯೇ ಹೆಚ್ಚು ಸ್ಥಿರವೆಂದು ಅದು ಸಾಧಿಸಿ ಹನ್ನೆರಡು ವರ್ಷ ತುಂಬುವಷ್ಟರಲ್ಲಿ ಸೋವಿಯತ್ ಒಕ್ಕೂಟವೇ ಇಲ್ಲವಾಯಿತು. 1988ರ ಡಿಸೆಂಬರಿನಲ್ಲಿ ಸೋವಿಯತ್ ನಾಯಕ ಗೋರ್ಬಚೇವ್ ವಿಶ್ವಸಂಸ್ಥೆಯಲ್ಲಿ ಎದುರಾಳಿಯಿಂದ ಏನನ್ನೂ ಕೇಳದೆ 5 ಲಕ್ಷ ಸೈನಿಕರನ್ನು ಕಡಿತಗೊಳಿಸುವುದಾಗಿ ಘೋಷಿಸಿದರು, ಮರುವರ್ಷ ಪೂರ್ವ ಯುರೋಪಿನ ಸರ್ಕಾರಗಳು ಒಂದೊಂದಾಗಿ ಉರುಳಿದಾಗ ಸೇನೆ ಕಳಿಸಲಿಲ್ಲ. ಆರ್ಥಿಕ ಕುಸಿತ ಅದಕ್ಕೆ ದಾರಿ ಮಾಡಿತ್ತೆಂಬ ವಾಸ್ತವವಾದಿಗಳ ಸಮರ್ಥನೆಯಲ್ಲಿ ಹುರುಳಿದೆ. ಆದರೆ ಕುಸಿಯುತ್ತಿರುವ ಬಲಗಳು ಹಾಗೆ ಸುಮ್ಮನೆ ಬಿಟ್ಟುಕೊಡುವುದು ಏಕೆ ಎಂಬ ಪ್ರಶ್ನೆಗೆ ಉತ್ತರ ಬೇಕಿದ್ದರೆ ವಾಲ್ಟ್ಜ್ ಹೊರಗಿಟ್ಟದ್ದನ್ನೆಲ್ಲ ಮತ್ತೆ ಒಳಕ್ಕೆ ಕರೆಯಬೇಕಾಗುತ್ತದೆ. ಅರಾಜಕತೆ ಎಂಬುದು ರಾಜ್ಯಗಳು ಏನೆಂದು ಭಾವಿಸಿ ನಡೆದುಕೊಳ್ಳುತ್ತವೆಯೋ ಅದೇ ಆಗುತ್ತದೆ ಎಂದು 1992ರಲ್ಲಿ ಅಲೆಕ್ಸಾಂಡರ್ ವೆಂಟ್ ವಾದಿಸಿದಾಗ ಅದಕ್ಕೆ ಅಷ್ಟು ಕಿವಿಗಳು ದೊರೆತದ್ದು ಈ ಕಾರಣಕ್ಕೆ.

ಪಂಥದ ಇಕ್ಕಟ್ಟು ಪೂರ್ಣವಾಗಿ ಬಯಲಾಗುವುದು ಜಾನ್ ಮಿಯರ್‌ಶೈಮರ್ ಅವರಲ್ಲಿ. ಮಹಾಬಲಗಳು ಅವಕಾಶ ಸಿಕ್ಕಾಗಲೆಲ್ಲ ಬಲ ಹೆಚ್ಚಿಸಿಕೊಳ್ಳುತ್ತವೆ, ರಚನೆಯೇ ಅವುಗಳನ್ನು ಹಾಗೆ ದೂಡುತ್ತದೆ ಎಂಬುದು 2001ರ ಅವರ ಪ್ರಮುಖ ಕೃತಿಯ ವಾದ. ಆದರೆ ಮರುವರ್ಷ, ಇರಾಕಿನ ಮೇಲಿನ ಯುದ್ಧ ಅಮೆರಿಕದ ರಾಷ್ಟ್ರೀಯ ಹಿತಕ್ಕೆ ತಕ್ಕುದಲ್ಲವೆಂದು 33 ವಿದ್ವಾಂಸರು ‘ನ್ಯೂಯಾರ್ಕ್ ಟೈಮ್ಸ್’ನಲ್ಲಿ ಹಣ ಕೊಟ್ಟು ಜಾಹೀರಾತು ಹಾಕಿಸಿದಾಗ ಅವರಲ್ಲಿ ಮಿಯರ್‌ಶೈಮರ್ ಇದ್ದರು, ವಾಲ್ಟ್ಜ್ ಕೂಡ ಇದ್ದರು. ಅವರ ಸಲಹೆ ಸರಿಯಾಗಿತ್ತೆಂದು ಕಾಲ ತೋರಿಸಿತು. ಸರ್ಕಾರ ಅದನ್ನು ಕೇಳಲಿಲ್ಲ. ನ್ಯಾಟೋವನ್ನು ಪೂರ್ವಕ್ಕೆ ವಿಸ್ತರಿಸಿದ್ದೇ ಉಕ್ರೇನ್ ಬಿಕ್ಕಟ್ಟಿನ ಮೂಲವೆಂದು 2014ರಲ್ಲಿ ಮಿಯರ್‌ಶೈಮರ್ ಬರೆದಾಗಲೂ ದೂರಿದ್ದು ಪಾಶ್ಚಾತ್ಯ ನಾಯಕರ ಉದಾರವಾದಿ ಭ್ರಮೆಯನ್ನು. ಭ್ರಮೆಗಳು ಎರಡು ದಶಕಗಳ ಕಾಲ ಜಗತ್ತಿನ ಅತಿ ಬಲಿಷ್ಠ ರಾಜ್ಯವನ್ನು ನಡೆಸಬಲ್ಲವಾದರೆ, ರಚನೆ ದೂಡುತ್ತದೆ ಎಂಬ ಮಾತಿನ ತೂಕವೆಷ್ಟು? ರಾಜ್ಯಗಳು ಹೀಗೆಯೇ ನಡೆಯುತ್ತವೆ ಎನ್ನುವ ಸಿದ್ಧಾಂತ ತನ್ನ ಬಹುಪಾಲು ಶ್ರಮವನ್ನು ರಾಜ್ಯಗಳು ಹಾಗೆ ನಡೆಯಲಿಲ್ಲವಲ್ಲ ಎಂದು ಗದರುವುದರಲ್ಲಿ ವ್ಯಯಿಸುತ್ತಿದೆ. ಶಾಸ್ತ್ರವೆಂದು ಸೋಲುವಲ್ಲೆಲ್ಲ ಅದು ಸಲಹೆಯೆಂದು ಗೆಲ್ಲುತ್ತಿರುವುದನ್ನು ಪಂಥದ ಮಿತ್ರರೂ ಶತ್ರುಗಳೂ ಒಂದೇ ಬಗೆಯಲ್ಲಿ ಕಡೆಗಣಿಸಿದ್ದಾರೆ.

ಇನ್ನೊಂದು ಕೊರತೆ ಉಳಿದ ಎಲ್ಲಕ್ಕಿಂತ ಕಡಿಮೆ ಚರ್ಚೆಯಾಗಿದೆ. ಮಲೇಷ್ಯಾ, ಕೋಸ್ಟರಿಕಾಗಳನ್ನು ಆಧರಿಸಿ ಜಾಗತಿಕ ರಾಜಕಾರಣದ ಸಿದ್ಧಾಂತ ಕಟ್ಟುವುದು ನಗೆಪಾಟಲು ಎಂದು ವಾಲ್ಟ್ಜ್ ತೀರ್ಪಿತ್ತಿದ್ದರು. ಹಾಗಾಗಿ ಜಗತ್ತಿನ ಬಹುಸಂಖ್ಯಾತ ರಾಜ್ಯಗಳು ಈ ಸಿದ್ಧಾಂತದಲ್ಲಿ ವಸ್ತುವೇ ಆಗುವುದಿಲ್ಲ. ವಸಾಹತುಶಾಹಿಯಿಂದ ಹೊಸದಾಗಿ ಬಿಡಿಸಿಕೊಂಡ ದೇಶಗಳಿಗೆ ಅಪಾಯ ಹೊರಗಿನಿಂದ ಬರುವುದಕ್ಕಿಂತ ಹೆಚ್ಚಾಗಿ ಒಳಗಿನಿಂದಲೇ ಬರುತ್ತದೆಂದು ಮೊಹಮ್ಮದ್ ಅಯೂಬ್ ತೋರಿಸಿದ್ದು ಈ ಮೌನಕ್ಕೆ ಪ್ರತಿಯಾಗಿ. ಪೂರ್ವಜನೆಂದು ಕರೆಸಿಕೊಂಡ ಕೌಟಿಲ್ಯ ಇಂಥ ಮೌನ ತಾಳಿರಲಿಲ್ಲ. ಬಲಿಷ್ಠನ ದಾಳಿಗೆ ಸಿಕ್ಕ ದುರ್ಬಲ ರಾಜ ಏನು ಮಾಡಬೇಕೆಂಬುದಕ್ಕೆ ಹನ್ನೆರಡನೆಯ ಅಧಿಕರಣವನ್ನೇ ಮೀಸಲಿಟ್ಟು, ದಾಳಿಕೋರರಲ್ಲಿ ಶರಣಾಗತಿಯಿಂದ ತೃಪ್ತನಾಗುವ ಧರ್ಮವಿಜಯಿ, ನೆಲ ಧನಗಳಿಗೆ ಆಸೆಪಡುವ ಲೋಭವಿಜಯಿ, ಪ್ರಾಣವನ್ನೂ ಬಿಡದ ಅಸುರವಿಜಯಿ ಎಂದು ಮೂರು ಬಗೆಯವರನ್ನು ಗುರುತಿಸಿ, ಒಬ್ಬೊಬ್ಬನಿಗೂ ಬೇರೆ ಬೇರೆ ಪ್ರತಿನೀತಿಯನ್ನು ಸೂಚಿಸುತ್ತಾನೆ. ಎದುರಾಳಿಯ ಸ್ವಭಾವವೇ ನೀತಿಯನ್ನು ನಿರ್ಧರಿಸುತ್ತದೆ ಎಂಬ ಈ ಗ್ರಹಿಕೆಗೆ ವಾಲ್ಟ್ಜ್‌ರ ಚೌಕಟ್ಟಿನಲ್ಲಿ ಜಾಗವಿಲ್ಲ. ನೆಹರೂ ಕಾಲದ ಅಲಿಪ್ತ ನೀತಿಯನ್ನು ಆದರ್ಶವಾದವೆಂದು ತಳ್ಳಿಹಾಕುವವರು, ಸೋವಿಯತ್ ನೆರವಿನ ಭಿಲಾಯಿ, ಪಶ್ಚಿಮ ಜರ್ಮನಿಯ ನೆರವಿನ ರೂರ್ಕೆಲಾ, ಬ್ರಿಟನ್ನಿನ ನೆರವಿನ ದುರ್ಗಾಪುರ ಎಂಬ ಮೂರು ಉಕ್ಕಿನ ಕಾರ್ಖಾನೆಗಳು ಒಂದೇ ಅವಧಿಯಲ್ಲಿ ಒಂದು ಬಡ ದೇಶದಲ್ಲಿ ತಲೆಯೆತ್ತಿದ್ದನ್ನೂ, ಅದೇ ದೇಶ 1971ರ ಆಗಸ್ಟ್‌ನಲ್ಲಿ, ಪೂರ್ವ ಗಡಿಯಲ್ಲಿ ಯುದ್ಧ ಸಮೀಪಿಸುತ್ತಿದ್ದಾಗ, ಮಾಸ್ಕೋ ಜೊತೆ ಮೈತ್ರಿ ಒಪ್ಪಂದಕ್ಕೆ ಸಹಿ ಹಾಕಿದ್ದನ್ನೂ ಈ ಹನ್ನೆರಡನೆಯ ಅಧಿಕರಣದ ಬೆಳಕಿನಲ್ಲಿ ಇನ್ನೂ ಓದಬೇಕಾಗಿದೆ.