ಎಲೀನರ್ ಪೊವೆಲ್: ಒಂಟಿ ನರ್ತನದ ಸ್ವಾಯತ್ತತೆ ಮತ್ತು ಹಾಲಿವುಡ್ ಸಂಗೀತಚಿತ್ರ

ಹಾಲಿವುಡ್ಡಿನ ಸಂಗೀತಚಿತ್ರಗಳ ಚರಿತ್ರೆಯನ್ನು ಬಹುಮಟ್ಟಿಗೆ ಜೋಡಿಗಳ ಚರಿತ್ರೆಯಾಗಿಯೇ ಬರೆಯಲಾಗಿದೆ. ಫ್ರೆಡ್ ಆಸ್ಟೇರ್ ಮತ್ತು ಜಿಂಜರ್ ರೋಜರ್ಸ್ ೧೯೩೩ರಿಂದ ೧೯೪೯ರ ನಡುವೆ ಜೊತೆಯಾಗಿ ಅಭಿನಯಿಸಿದ ಹತ್ತು ಚಿತ್ರಗಳು ಈ ಚರಿತ್ರೆಯ ಮಾದರಿ ಪಠ್ಯಗಳೆನಿಸಿವೆ. ಗಂಡು ಹೆಣ್ಣುಗಳ ಅನುರಾಗ ಮಾತಿನಲ್ಲಿ ಮೊಳೆತು, ಹಾಡಿನಲ್ಲಿ ಬೆಳೆದು, ನೃತ್ಯದಲ್ಲಿ ಪರಿಪೂರ್ಣವಾಗುವುದು ಈ ಪ್ರಕಾರದ ಒಪ್ಪಿತ ವಿನ್ಯಾಸ. ಈ ವಿನ್ಯಾಸವನ್ನೇ ಅಳತೆಗೋಲಾಗಿ ಇಟ್ಟುಕೊಂಡಾಗ ಎಲೀನರ್ ಪೊವೆಲ್ (೧೯೧೨-೧೯೮೨) ಅವರಿಗೆ ದೊರೆಯುವ ಸ್ಥಾನ ವಿಚಿತ್ರವಾದುದು. ಟ್ಯಾಪ್ ನೃತ್ಯದಲ್ಲಿ ಆಕೆಗಿದ್ದ ಪ್ರಭುತ್ವವನ್ನು ಎಲ್ಲರೂ ಒಪ್ಪುತ್ತಾರೆ. ಆದರೆ ನರ್ತಕಿಯಾಗಿ ಅಸಾಧಾರಣಳು, ನಟಿಯಾಗಿ ಸಾಧಾರಣಳು ಎಂಬ ತೀರ್ಮಾನದೊಡನೆ ಆಕೆಯ ಕುರಿತ ಚರ್ಚೆ ಅಲ್ಲಿಗೇ ನಿಂತುಬಿಡುತ್ತದೆ. ಈ ತೀರ್ಮಾನವನ್ನು ಮರುಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಪೊವೆಲ್ ಅವರ ಚಿತ್ರಜೀವನದಲ್ಲಿ ಕಾಣುವ ಮಿತಿ ಆಕೆಯ ಪ್ರತಿಭೆಯದಲ್ಲ, ಒಂಟಿಯಾಗಿ ಪೂರ್ಣವಾಗಬಲ್ಲ ಹೆಣ್ಣಿಗೆ ಕಥನದಲ್ಲಿ ಜಾಗ ಮಾಡಿಕೊಡಲಾರದ ಒಂದು ಪ್ರಕಾರದ ಮಿತಿ ಎಂಬುದು ಇಲ್ಲಿಯ ವಾದ.

೧

ಮ್ಯಾಸಚೂಸೆಟ್ಸಿನ ಸ್ಪ್ರಿಂಗ್‌ಫೀಲ್ಡ್ ಎಂಬ ಊರಿನಲ್ಲಿ ಹುಟ್ಟಿದ ಪೊವೆಲ್ ಬಾಲ್ಯದಲ್ಲಿ ಬಹಳ ನಾಚಿಕೆಯ ಸ್ವಭಾವದವರು. ಆ ಸಂಕೋಚ ಕಳೆಯಲೆಂದೇ ಆಕೆಯನ್ನು ನೃತ್ಯದ ತರಗತಿಗೆ ಸೇರಿಸಲಾಯಿತು. ಅಲ್ಲಿ ಕಲಿತದ್ದು ಬ್ಯಾಲೆ. ಬ್ಯಾಲೆಯ ದೇಹ ಸದಾ ಮೇಲಕ್ಕೆ, ನೆಲದಿಂದ ಬಿಡಿಸಿಕೊಳ್ಳುವ ಕಡೆಗೆ ತುಡಿಯುತ್ತದೆ. ಟ್ಯಾಪ್ ಇದಕ್ಕೆ ನೇರ ವಿರುದ್ಧವಾದುದು. ಷೂವಿನ ಮುಂಗಾಲಿನ ಮತ್ತು ಹಿಮ್ಮಡಿಯ ಅಡಿಗೆ ಜೋಡಿಸಿದ ಲೋಹದ ಬಿಲ್ಲೆಗಳು ನೆಲಕ್ಕೆ ತಾಗಿದಾಗಲಷ್ಟೆ ಆ ನೃತ್ಯ ಹುಟ್ಟುತ್ತದೆ. ನ್ಯೂಯಾರ್ಕಿಗೆ ಬಂದ ಮೇಲೆ ಟ್ಯಾಪ್ ಬಾರದೆ ಬ್ರಾಡ್‌ವೇ ರಂಗಭೂಮಿಯಲ್ಲಿ ಅವಕಾಶವಿಲ್ಲವೆಂದು ಅರಿತ ಪೊವೆಲ್, ಪ್ರಸಿದ್ಧ ನರ್ತಕ ಜಾಕ್ ಡಾನಹ್ಯೂ ಅವರ ಬಳಿ ಹತ್ತು ಪಾಠಗಳಿಗೆ ಸೇರಿದರು. ಗಾಳಿಯಲ್ಲಿ ತೇಲಲು ಹವಣಿಸುತ್ತಿದ್ದ ಶಿಷ್ಯೆಯನ್ನು ನೆಲಕ್ಕೆ ಇಳಿಸಲು ಆ ಗುರು ಆಕೆಯ ಸೊಂಟದ ಪಟ್ಟಿಗೆ ಎರಡೂ ಬದಿಯಲ್ಲಿ ಮರಳಿನ ಚೀಲಗಳನ್ನು ಕಟ್ಟಿಸಿದರೆಂಬುದು ಪೊವೆಲ್ ಮುಂದೆ ಅನೇಕ ಸಲ ಹೇಳಿದ ಸಂಗತಿ.

ಆಕೆಯ ಶೈಲಿಯ ಮೂಲ ಈ ಎರಡು ಶಿಕ್ಷಣಗಳ ಘರ್ಷಣೆಯಲ್ಲಿದೆ. ತೆರೆಯ ಮೇಲೆ ಪೊವೆಲ್ ಅವರನ್ನು ನೋಡುವಾಗ ಸೊಂಟದ ಮೇಲಿನ ದೇಹ ಬ್ಯಾಲೆಯದಾಗಿರುತ್ತದೆ. ಹಿಂದಕ್ಕೆ ಬಿಲ್ಲಿನಂತೆ ಬಾಗುವ ಬೆನ್ನು, ಚಾಚಿದ ತೋಳುಗಳು, ಒಂದರ ಮೇಲೊಂದು ಸುತ್ತುವ ತಿರುಗಣೆಗಳು ಅಲ್ಲಿವೆ. ಸೊಂಟದ ಕೆಳಗಿನ ದೇಹ ಮಾತ್ರ ನೆಲವನ್ನು ಬಿಟ್ಟುಕೊಡುವುದಿಲ್ಲ. ವೇಗವಾಗಿ ತಿರುಗುತ್ತಿರುವಾಗಲೂ ಪ್ರತಿಯೊಂದು ಪೆಟ್ಟು ಸ್ಪಷ್ಟವಾಗಿ, ಬಿಡಿಬಿಡಿಯಾಗಿ ಕೇಳಿಸುತ್ತದೆ. ೧೯೨೯ರಲ್ಲಿ ಬ್ರಾಡ್‌ವೇಯ ‘ಫಾಲೋ ಥ್ರೂ’ ನಾಟಕದಲ್ಲಿ ಗಮನ ಸೆಳೆದ ಈ ಶೈಲಿ ೧೯೩೫ರಲ್ಲಿ ಆಕೆಯನ್ನು ಎಂ.ಜಿ.ಎಂ. ಸಂಸ್ಥೆಗೆ ಕರೆತಂದಿತು. ಅದೇ ವರ್ಷ ತೆರೆಕಂಡ ‘ಬ್ರಾಡ್‌ವೇ ಮೆಲೊಡಿ ಆಫ್ ೧೯೩೬’ ಆಕೆಯನ್ನು ತಾರೆಯಾಗಿಸಿತು.

೨

ಈ ಮೊದಲ ಯಶಸ್ಸಿನಲ್ಲೇ ಒಂದು ವೈರುಧ್ಯ ಅಡಗಿದೆ. ಚಿತ್ರದಲ್ಲಿ ಆಲ್ಬನಿಯಿಂದ ಬಂದ ಐರೀನ್ ಎಂಬ ಹುಡುಗಿಗೆ ಅವಕಾಶ ಸಿಗುವುದು, ಅಸ್ತಿತ್ವದಲ್ಲೇ ಇಲ್ಲದ ಫ್ರೆಂಚ್ ನರ್ತಕಿಯೊಬ್ಬಳ ವೇಷವನ್ನು ಆಕೆ ತೊಟ್ಟಾಗ. ತಾನು ತಾನಾಗಿದ್ದಾಗ ಯಾರಿಗೂ ಬೇಡದವಳು ಇನ್ನೊಬ್ಬಳಾದಾಗ ಬೇಕಾಗುತ್ತಾಳೆ. ಚಿತ್ರದ ಹೊರಗೂ ಇಂಥದ್ದೇ ಒಂದು ವ್ಯವಸ್ಥೆ ಇತ್ತು. ಈ ಚಿತ್ರದಲ್ಲಿ, ಮುಂದೆ ‘ಬಾರ್ನ್ ಟು ಡಾನ್ಸ್’ (೧೯೩೬) ಮತ್ತು ‘ರೋಸಲೀ’ (೧೯೩೭) ಚಿತ್ರಗಳಲ್ಲಿ ಪೊವೆಲ್ ಅವರ ಹಾಡುಗಳಿಗೆ ಕಂಠ ನೀಡಿದವರು ಮಾರ್ಜರಿ ಲೇನ್ ಎಂಬ ಗಾಯಕಿ. ‘ಬಾರ್ನ್ ಟು ಡಾನ್ಸ್’ ಚಿತ್ರದ ನಾಯಕ ಜೇಮ್ಸ್ ಸ್ಟೂವರ್ಟ್ ಗಾಯಕರೇನೂ ಅಲ್ಲದಿದ್ದರೂ ತಮ್ಮದೇ ಕಂಠದಲ್ಲಿ ಹಾಡಿದರು ಎಂಬುದನ್ನು ಇದರೊಡನೆ ಇಟ್ಟು ನೋಡಬೇಕು. ನಾಯಕನ ಅಪಕ್ವ ಕಂಠ ಪ್ರಾಮಾಣಿಕತೆಯ ಗುರುತಾಗಿ ಸಲ್ಲುತ್ತದೆ. ನಾಯಕಿಯ ಕಂಠವಾದರೋ ಎರವಲು ತಂದದ್ದಾದರೂ ಸರಿ, ಇಂಪಾಗಿರಲೇಬೇಕು.

ಹಾಗಾದರೆ ಈ ಚಿತ್ರಗಳಲ್ಲಿ ಪೊವೆಲ್ ಅವರ ಸ್ವಂತ ಧ್ವನಿ ಯಾವುದು? ಆಕೆಯ ಪಾದಗಳ ಸದ್ದು. ಚಿತ್ರೀಕರಣದ ವೇಳೆ ವಾದ್ಯಗೋಷ್ಠಿಯ ಸಂಗೀತವನ್ನು ಜೋರಾಗಿ ನುಡಿಸಬೇಕಾಗಿದ್ದುದರಿಂದ ಟ್ಯಾಪ್‌ನ ಸದ್ದನ್ನು ಅಲ್ಲಿಯೇ ಸ್ವಚ್ಛವಾಗಿ ಹಿಡಿಯಲು ಆಗುತ್ತಿರಲಿಲ್ಲ. ಚಿತ್ರೀಕರಣ ಮುಗಿದ ಮೇಲೆ ನರ್ತಕರು ತೆರೆಯ ಮೇಲಿನ ತಮ್ಮ ಪಾದಗಳನ್ನೇ ನೋಡುತ್ತ ಪ್ರತಿಯೊಂದು ಪೆಟ್ಟನ್ನೂ ಮತ್ತೊಮ್ಮೆ ಹಾಕಿ ಧ್ವನಿಮುದ್ರಿಸಬೇಕಾಗಿತ್ತು. ಪೊವೆಲ್ ತಮ್ಮ ಪೆಟ್ಟುಗಳನ್ನು ತಾವೇ ಮುದ್ರಿಸಿದರು. ತಮ್ಮ ಒಂಟಿ ನೃತ್ಯಗಳನ್ನು ಬಹುಪಾಲು ತಾವೇ ಸಂಯೋಜಿಸಿದರು. ಆಕೆಯ ಕಂಠವನ್ನು ಸಂಸ್ಥೆ ಬದಲಿಸಿತು, ಪಾದವನ್ನು ಬದಲಿಸಲಾಗಲಿಲ್ಲ. ಆಕೆಯ ಅಭಿನಯವನ್ನು ಸಂಭಾಷಣೆಯ ದೃಶ್ಯಗಳಲ್ಲಿ ಮಾತ್ರ ಹುಡುಕುವ ವಿಮರ್ಶೆ ಈ ಧ್ವನಿಯನ್ನು ಕೇಳಿಸಿಕೊಂಡಿಲ್ಲವೆಂದೇ ಹೇಳಬೇಕಾಗುತ್ತದೆ.

೩

‘ಅಭಿನಯದರ್ಪಣ’ ನಾಟ್ಯ, ನೃತ್ತ, ನೃತ್ಯಗಳನ್ನು ಬೇರ್ಪಡಿಸಿ ಹೇಳುತ್ತದೆ. ಭಾವಾಭಿನಯದ ಹಂಗಿಲ್ಲದ ಶುದ್ಧ ಲಯದ ಚಲನೆ ನೃತ್ತ. ರಸಭಾವಗಳನ್ನು ವ್ಯಂಜಿಸುವುದು ನೃತ್ಯ. ಕಥೆಯನ್ನು ಆಶ್ರಯಿಸಿದ್ದು ನಾಟ್ಯ. ಅಮೆರಿಕೆಯ ಚಿತ್ರಗಳಿಗೆ ಈ ಪರಿಭಾಷೆಯನ್ನು ಯಾಂತ್ರಿಕವಾಗಿ ಅನ್ವಯಿಸಬೇಕಾಗಿಲ್ಲವಾದರೂ ಇಲ್ಲಿ ಅದು ಒಂದು ಭೇದವನ್ನು ಸ್ಪಷ್ಟಪಡಿಸುತ್ತದೆ. ‘ದಿ ಗೇ ಡಿವೋರ್ಸೀ’ (೧೯೩೪) ಚಿತ್ರದಲ್ಲಿ ದೂರ ಸರಿಯುವ ರೋಜರ್ಸ್ ಅವರನ್ನು ಆಸ್ಟೇರ್ ನೃತ್ಯದ ಮೂಲಕವೇ ಒಲಿಸಿಕೊಳ್ಳುತ್ತಾರೆ. ಅಲ್ಲಿ ಹೆಜ್ಜೆಗಳು ಕಥೆಯನ್ನು ಮುಂದಕ್ಕೆ ಒಯ್ಯುತ್ತವೆ. ಪೊವೆಲ್ ಅವರದು ಮೂಲತಃ ನೃತ್ತ. ಅದು ಯಾರನ್ನೂ ಒಲಿಸುವುದಿಲ್ಲ, ಯಾರಿಗೂ ಒಲಿಯುವುದಿಲ್ಲ. ಅದರ ಆನಂದ ಅದರ ಲಯದಲ್ಲೇ ಇದೆ.

ಪ್ರೇಮಕಥೆಯನ್ನು ಬೆನ್ನೆಲುಬಾಗಿ ಉಳ್ಳ ಪ್ರಕಾರಕ್ಕೆ ಇದು ಬಿಡಿಸಲಾಗದ ಒಗಟಾಯಿತು. ಸಂಗಾತಿಯ ಅಗತ್ಯವಿಲ್ಲದ ನರ್ತಕಿಗೆ ಸಂಸ್ಥೆ ಸಂಗಾತಿಯ ಬದಲು ವಸ್ತುಗಳನ್ನು ಒದಗಿಸುತ್ತ ಹೋಯಿತು. ‘ಬಾರ್ನ್ ಟು ಡಾನ್ಸ್’ ಚಿತ್ರದ ಕೊನೆಯಲ್ಲಿ ಆಕೆಗೆ ಜೊತೆಯಾಗುವುದು ಫಿರಂಗಿಗಳಿಂದ ಸಜ್ಜಾದ ಇಡೀ ಒಂದು ಯುದ್ಧನೌಕೆ. ‘ರೋಸಲೀ’ಯಲ್ಲಿ ಆಕೆ ದೊಡ್ಡದರಿಂದ ಚಿಕ್ಕದಕ್ಕೆ ಇಳಿಯುವ ಬೃಹತ್ ನಗಾರಿಗಳ ಮೇಲೆ ಕುಣಿಯುತ್ತಾರೆ. ‘ಲೇಡಿ ಬಿ ಗುಡ್’ (೧೯೪೧) ಚಿತ್ರದಲ್ಲಿ ಜೊತೆಗಾರನಾಗಿ ಬರುವುದು ಆಕೆಯೇ ಪಳಗಿಸಿದ ಒಂದು ನಾಯಿ. ‘ಸೆನ್ಸೇಶನ್ಸ್ ಆಫ್ ೧೯೪೫’ರಲ್ಲಂತೂ (೧೯೪೪) ಒಂದು ದೈತ್ಯಾಕಾರದ ಪಿನ್‌ಬಾಲ್ ಆಟದ ಯಂತ್ರ. ಈ ವೈಭವವನ್ನು ಆ ಕಾಲದ ಅದ್ದೂರಿತನವೆಂದಷ್ಟೇ ಓದುವುದು ಸಾಲದು. ಕಥೆಯೊಳಗೆ ಜಾಗ ಸಿಗದ ಶಕ್ತಿಯನ್ನು ಕಥೆಯ ಹೊರಗಿನ ಪ್ರದರ್ಶನವಾಗಿ ಕಟ್ಟಿಡುವ ಉಪಾಯವೂ ಅದಾಗಿತ್ತು.

‘ಲೇಡಿ ಬಿ ಗುಡ್’ ಇದಕ್ಕೆ ಸ್ಪಷ್ಟ ನಿದರ್ಶನ. ಶೀರ್ಷಿಕೆಯಲ್ಲಿ ಮೊದಲ ಹೆಸರು ಪೊವೆಲ್ ಅವರದು. ಕಥೆ ಮಾತ್ರ ಆ್ಯನ್ ಸದರ್ನ್ ಮತ್ತು ರಾಬರ್ಟ್ ಯಂಗ್ ಅಭಿನಯಿಸಿದ ದಂಪತಿಗಳದು. ಪೊವೆಲ್ ನಾಯಕಿಯ ಗೆಳತಿಯಾಗಿ ಬಂದುಹೋಗುತ್ತಾರೆ. ಆದರೂ ಆ ಚಿತ್ರದಿಂದ ಇಂದಿಗೂ ನೆನಪಿನಲ್ಲಿ ಉಳಿದಿರುವ ನೃತ್ಯ ಬಸ್ಬಿ ಬರ್ಕ್ಲಿ ನಿರ್ದೇಶಿಸಿದ, ಸರಿಯುತ್ತ ಹೋಗುವ ತೆರೆಗಳ ಮತ್ತು ಪಿಯಾನೋಗಳ ನಡುವೆ ಪೊವೆಲ್ ಕುಣಿಯುವ ದೃಶ್ಯ. ೧೯೯೪ರ ‘ದಟ್ಸ್ ಎಂಟರ್‌ಟೇನ್‌ಮೆಂಟ್ ೩’ ಸಾಕ್ಷ್ಯಚಿತ್ರ ತೆರೆಯನ್ನು ಎರಡಾಗಿ ಸೀಳಿ, ಒಂದು ಕಡೆ ಈ ನೃತ್ಯವನ್ನೂ ಇನ್ನೊಂದು ಕಡೆ ಅದರ ಚಿತ್ರೀಕರಣವನ್ನೂ ತೋರಿಸಿತು. ಕೆಲಸಗಾರರು ಕ್ಯಾಮರಾದ ದಾರಿಯಿಂದ ಸಲಕರಣೆಗಳನ್ನು ಅವಸರವಸರವಾಗಿ ಎಳೆದು ತೆಗೆಯುತ್ತಿರುವಾಗ ಅವರ ನಡುವೆ ಪೊವೆಲ್ ಅವರ ಲಯ ಒಂದಿಷ್ಟೂ ಅಲುಗುವುದಿಲ್ಲ. ನೃತ್ಯವೆಂಬುದು ದುಡಿಮೆಯೂ ಹೌದೆಂಬ ಸತ್ಯ ಅಲ್ಲಿ ತಡವಾಗಿ ಬಯಲಾಯಿತು.

೪

ಸರಿಸಮನಾದ ಸಂಗಾತಿಯೊಬ್ಬರು ಪೊವೆಲ್ ಅವರಿಗೆ ದೊರೆತದ್ದು ಒಮ್ಮೆ ಮಾತ್ರ. ‘ಬ್ರಾಡ್‌ವೇ ಮೆಲೊಡಿ ಆಫ್ ೧೯೪೦’ (೧೯೪೦) ಚಿತ್ರದಲ್ಲಿ ಆಕೆ ಮತ್ತು ಆಸ್ಟೇರ್ ಕೋಲ್ ಪೋರ್ಟರ್ ಅವರ ‘ಬಿಗಿನ್ ದ ಬಿಗೀನ್’ ಹಾಡಿಗೆ ಮಾಡಿದ ನೃತ್ಯ ಟ್ಯಾಪ್‌ನ ಚರಿತ್ರೆಯ ಒಂದು ಶಿಖರವೆಂದು ಮಾನ್ಯವಾಗಿದೆ. ಕನ್ನಡಿಯಂತೆ ಹೊಳೆಯುವ ನೆಲದ ಮೇಲೆ ಇಬ್ಬರೂ ಅಕ್ಕಪಕ್ಕದಲ್ಲಿ ನಿಂತು ಕುಣಿಯುತ್ತಾರೆ. ಒಂದು ಘಟ್ಟದಲ್ಲಿ ವಾದ್ಯಗಳು ಮೌನವಾಗುತ್ತವೆ; ನಾಲ್ಕು ಪಾದಗಳ ಸಂವಾದ ಮಾತ್ರ ಉಳಿಯುತ್ತದೆ. ಗಮನಿಸಬೇಕಾದ ಸಂಗತಿಯೆಂದರೆ, ಆ ಭಾಗದಲ್ಲಿ ಪರಸ್ಪರ ಸ್ಪರ್ಶ ತೀರ ವಿರಳ. ಗಂಡು ನಡೆಸಿ ಹೆಣ್ಣು ಅನುಸರಿಸುವ ಕ್ರಮ ಅಲ್ಲಿಲ್ಲ. ಒಬ್ಬರ ಪ್ರಶ್ನೆಗೆ ಇನ್ನೊಬ್ಬರ ಉತ್ತರವಿದೆ, ಇಬ್ಬರ ಮುಖದಲ್ಲೂ ಜೊತೆ ಸಿಕ್ಕ ಕಸಬುದಾರರ ನಗುವಿದೆ. ಇದನ್ನು ಪ್ರಣಯವಿಲ್ಲದ ಜೋಡಿಯೆಂದು ಕೊರತೆಯಾಗಿ ಕಾಣುವವರಿದ್ದಾರೆ. ಆದರೆ ಪ್ರಣಯಕ್ಕಿಂತ ಭಿನ್ನವಾದ ಒಂದು ಸಂಬಂಧ, ಸಮಾನ ಕಲಾವಿದರ ಪರಸ್ಪರ ಗೌರವ, ಆ ಪ್ರಕಾರದಲ್ಲಿ ಅಪರೂಪಕ್ಕೆ ಮೈದಳೆದ ಗಳಿಗೆ ಅದು. ಈ ಜೋಡಿ ಮತ್ತೆ ಒಂದಾಗಲಿಲ್ಲ.

ಆಸ್ಟೇರ್ ೧೯೫೯ರಲ್ಲಿ ಪ್ರಕಟಿಸಿದ ಆತ್ಮಕಥೆಯಲ್ಲಿ, ಪೊವೆಲ್ ಗಂಡಸಿನಂತೆ ಹೆಜ್ಜೆ ಊರುತ್ತಿದ್ದರೆಂಬ ಅರ್ಥದಲ್ಲಿ ಆಕೆಯನ್ನು ಮೆಚ್ಚಿ ಬರೆದರು. ಪ್ರಶಂಸೆಯ ಪ್ರಾಮಾಣಿಕತೆಯನ್ನು ಶಂಕಿಸಬೇಕಾಗಿಲ್ಲ. ಆದರೆ ಹೆಣ್ಣಿನ ಸಾಮರ್ಥ್ಯವನ್ನು ಹೇಳಲು ಗಂಡಿನ ಉಪಮೆಯೇ ಬೇಕಾದದ್ದು ಆ ಕಾಲದ ಭಾಷೆಯ ಬಡತನ. ಪೊವೆಲ್ ಅವರ ಬಾಗುವ ಬೆನ್ನು, ಬ್ಯಾಲೆಯಿಂದ ಬಂದ ತಿರುಗಣೆಗಳು ಯಾವ ಪುರುಷ ನರ್ತಕನ ಅನುಕರಣೆಯೂ ಆಗಿರಲಿಲ್ಲ.

೫

ಪೊವೆಲ್ ಅವರಿಗೆ ಆದ ಅನ್ಯಾಯವನ್ನು ಹೇಳುವಾಗ, ಆಕೆಗೆ ದೊರೆತದ್ದು ಬೇರೆಯವರಿಗೆ ದಕ್ಕಲಿಲ್ಲವೆಂಬುದನ್ನೂ ಹೇಳದೆ ಹೋದರೆ ವಿಮರ್ಶೆ ಅರ್ಧಸತ್ಯವಾಗುತ್ತದೆ. ಆಫ್ರಿಕಾ ಮೂಲದವರ ಲಯಪರಂಪರೆ ಮತ್ತು ಐರಿಷ್, ಇಂಗ್ಲಿಷ್ ಜನಪದ ಕುಣಿತಗಳು ಅಮೆರಿಕದ ನೆಲದಲ್ಲಿ ಬೆರೆತಾಗ ಹುಟ್ಟಿದ್ದು ಟ್ಯಾಪ್. ‘ಹೊನೊಲುಲು’ (೧೯೩೯) ಚಿತ್ರದಲ್ಲಿ ಪೊವೆಲ್ ಮಹಾನ್ ಕಪ್ಪು ನರ್ತಕ ಬಿಲ್ ರಾಬಿನ್‌ಸನ್ ಅವರಿಗೆ ಗೌರವ ಸಲ್ಲಿಸಲು ಅವರ ಮೆಟ್ಟಿಲು ನೃತ್ಯವನ್ನು ಅನುಕರಿಸುತ್ತಾರೆ. ಆದರೆ ಅದನ್ನು ಮಾಡುವುದು ಮುಖಕ್ಕೆ ಕಪ್ಪು ಬಳಿದುಕೊಂಡು. ಗೌರವವೂ ಅವಮಾನವೂ ಒಂದೇ ವೇಷದಲ್ಲಿ ಕೂಡಿಕೊಂಡಿರುವ ಈ ದೃಶ್ಯವನ್ನು ಇಂದು ಮುಜುಗರವಿಲ್ಲದೆ ನೋಡಲಾಗದು. ೧೯೩೫ರಲ್ಲಿ ‘ಹುರ್ರೇ ಫಾರ್ ಲವ್’ ಚಿತ್ರದಲ್ಲಿ ರಾಬಿನ್‌ಸನ್ ಅವರೊಡನೆ ಕುಣಿದ ಕಪ್ಪು ನರ್ತಕಿ ಜೆನಿ ಲಗಾನ್ ಅವರೊಡನೆಯೂ ಎಂ.ಜಿ.ಎಂ. ಒಪ್ಪಂದ ಮಾಡಿಕೊಂಡಿತ್ತು, ಅದನ್ನು ಬೇಗನೆ ರದ್ದುಪಡಿಸಿತು. ಅದೇ ಸಂಸ್ಥೆಯ ‘ಈಸ್ಟರ್ ಪರೇಡ್’ (೧೯೪೮) ಚಿತ್ರದಲ್ಲಿ ಲಗಾನ್ ಮನೆಗೆಲಸದವಳ ಪಾತ್ರದಲ್ಲಿ ಕಾಣಿಸಿಕೊಂಡರು. ಒಂಟಿ ಹೆಣ್ಣಿಗೆ ಕಥೆಯಲ್ಲಿ ಜಾಗವಿರಲಿಲ್ಲವೆಂದರೆ, ಕಪ್ಪು ಹೆಣ್ಣಿಗೆ ಪ್ರದರ್ಶನದಲ್ಲೂ ಇರಲಿಲ್ಲ.

೬

‘ಶಿಪ್ ಅಹಾಯ್’ (೧೯೪೨) ಕಲಾತ್ಮಕವಾಗಿ ದೊಡ್ಡ ಚಿತ್ರವೇನಲ್ಲ. ಆದರೂ ಪೊವೆಲ್ ಅವರ ನೃತ್ಯಕ್ಕೆ ಕಥೆಯೊಳಗೆ ನಿಜವಾದ ಕೆಲಸ ದೊರೆತದ್ದು ಅಲ್ಲಿ. ಶತ್ರುಗಳ ಬೇಹುಗಾರರಿಂದ ಮೋಸಹೋದ ನರ್ತಕಿ ರಂಗದ ಮೇಲೆ ಕುಣಿಯುತ್ತಲೇ, ಪ್ರೇಕ್ಷಕರ ನಡುವೆ ಇರುವ ಸರ್ಕಾರಿ ಅಧಿಕಾರಿಗೆ ತನ್ನ ಪಾದಗಳಿಂದ ಮೋರ್ಸ್ ಸಂಕೇತದಲ್ಲಿ ಸಂದೇಶ ಕಳಿಸುತ್ತಾಳೆ. ಉಳಿದವರಿಗೆ ಅದು ಮನರಂಜನೆ. ಓದಬಲ್ಲವನಿಗೆ ಅದು ಭಾಷೆ. ಇಲ್ಲಿ ನೃತ್ತ ತನ್ನ ಲಯವನ್ನು ಬಿಟ್ಟುಕೊಡದೆಯೇ ಅರ್ಥವನ್ನು ಹೊತ್ತಿದೆ, ಹೆಣ್ಣು ಪ್ರೇಮಕ್ಕಾಗಿಯಲ್ಲದೆ ತನ್ನ ವಿವೇಕಕ್ಕಾಗಿ ಕುಣಿದಿದ್ದಾಳೆ. ಈ ದಾರಿಯಲ್ಲಿ ಸಂಗೀತಚಿತ್ರ ಮುಂದುವರಿಯಬಹುದಿತ್ತು. ಹಾಗಾಗಲಿಲ್ಲ. ಮರುವರ್ಷದ ‘ಐ ಡೂಡ್ ಇಟ್’ ಚಿತ್ರದಲ್ಲಿ ಸಂಸ್ಥೆ ‘ಬಾರ್ನ್ ಟು ಡಾನ್ಸ್’ ಚಿತ್ರದ ಯುದ್ಧನೌಕೆಯ ನೃತ್ಯವನ್ನೇ ತೆಗೆದು ಮತ್ತೆ ಅಂಟಿಸಿತು. ಕಲಾವಿದೆ ಬದುಕಿ ದುಡಿಯುತ್ತಿರುವಾಗಲೇ ಆಕೆಯ ನೃತ್ಯ ದಾಸ್ತಾನಿನ ಸರಕಾಯಿತು.

೧೯೪೩ರಲ್ಲಿ ಬ್ರಾಡ್‌ವೇಯಲ್ಲಿ ‘ಓಕ್ಲಹೋಮ!’ ಯಶಸ್ವಿಯಾದ ಮೇಲೆ ಕಥೆಯೊಡನೆ ಹೆಣೆದುಕೊಂಡ, ಬ್ಯಾಲೆ ಪ್ರಧಾನವಾದ ನೃತ್ಯ ಮೇಲ್ಪಂಕ್ತಿಯಾಯಿತು. ಅದೇ ವರ್ಷ ಪೊವೆಲ್ ನಟ ಗ್ಲೆನ್ ಫೋರ್ಡ್ ಅವರನ್ನು ಮದುವೆಯಾದರು. ೧೯೪೫ರಲ್ಲಿ ಮಗ ಹುಟ್ಟಿದ. ೧೯೫೦ರ ‘ಡಚೆಸ್ ಆಫ್ ಐಡಹೊ’ದಲ್ಲಿ ಅತಿಥಿಯಾಗಿ ಬಂದುಹೋದದ್ದು ಬಿಟ್ಟರೆ ಚಿತ್ರಜೀವನ ಮುಗಿದಂತಾಯಿತು. ೧೯೫೦ರ ದಶಕದ ನಡುವೆ ಮಕ್ಕಳಿಗಾಗಿ ಧಾರ್ಮಿಕ ಟೆಲಿವಿಷನ್ ಕಾರ್ಯಕ್ರಮವೊಂದನ್ನು ನಡೆಸಿ ಎಮ್ಮಿ ಪ್ರಶಸ್ತಿಗೆ ಪಾತ್ರರಾದರು. ೧೯೫೯ರಲ್ಲಿ ವಿಚ್ಛೇದನವಾಯಿತು. ೧೯೬೧ರಲ್ಲಿ, ನಲವತ್ತೆಂಟರ ವಯಸ್ಸಿನಲ್ಲಿ, ಮತ್ತೆ ರಂಗಕ್ಕೆ ಮರಳಿ ನೈಟ್‌ಕ್ಲಬ್‌ಗಳಲ್ಲಿ ಕುಣಿದರು. ಮದುವೆಯಿಂದ ನೃತ್ಯ ನಿಂತಿತೆನ್ನುವ ಸರಳ ವಿವರಣೆಯನ್ನು ಈ ಮರಳುವಿಕೆ ಪೂರ್ತಿ ಅಲ್ಲಗಳೆಯದಿದ್ದರೂ, ನಿಂತದ್ದು ನರ್ತಕಿಯ ಸಾಮರ್ಥ್ಯವಲ್ಲವೆಂಬುದನ್ನು ಸಾಬೀತುಪಡಿಸುತ್ತದೆ.

೧೯೭೪ರಲ್ಲಿ ‘ದಟ್ಸ್ ಎಂಟರ್‌ಟೇನ್‌ಮೆಂಟ್’ ಎಂಬ ಸಂಕಲನ ಚಿತ್ರದ ಮೂಲಕ ಹೊಸ ತಲೆಮಾರು ಪೊವೆಲ್ ಅವರನ್ನು ಕಂಡಿತು. ಹಳೆಯ ಕಥೆಗಳ ಸಂದರ್ಭದಿಂದ ಬಿಡಿಸಿ ತೋರಿಸಿದಾಗ ಆ ನೃತ್ಯಗಳು ಏನನ್ನೂ ಕಳೆದುಕೊಂಡಿರಲಿಲ್ಲ. ಪೊವೆಲ್ ಅವರ ಚಿತ್ರಗಳು ಮುಪ್ಪಾದವು, ನೃತ್ಯ ಮುಪ್ಪಾಗಲಿಲ್ಲ. ಒಬ್ಬ ಕಲಾವಿದೆಯ ಸಾಧನೆಯನ್ನು ಆಕೆಗೆ ಒದಗಿಸಿದ ಪಾತ್ರಗಳಿಂದ ಅಳೆಯಬೇಕೇ ಅಥವಾ ಆ ಪಾತ್ರಗಳನ್ನು ಮೀರಿ ಉಳಿದದ್ದರಿಂದ ಅಳೆಯಬೇಕೇ ಎಂಬ ಪ್ರಶ್ನೆಗೆ ಈ ಚಿತ್ರಜೀವನ ಉತ್ತರ ಕೊಡುತ್ತದೆ. ನಟಿಯರ ಚರಿತ್ರೆಯನ್ನು ನಾಯಕರ ಪಕ್ಕದಲ್ಲಿಟ್ಟು ಬರೆಯುವ ರೂಢಿ ಎಲ್ಲಿಯವರೆಗೆ ಇರುವುದೋ ಅಲ್ಲಿಯವರೆಗೆ ಪೊವೆಲ್ ಅವರಂಥವರು ಅಡಿಟಿಪ್ಪಣಿಯಾಗಿಯೇ ಉಳಿಯುತ್ತಾರೆ. ಆ ರೂಢಿಯನ್ನು ಬದಲಿಸಬೇಕಾದ ಹೊಣೆ ವಿಮರ್ಶೆಯದು.